ಮಣ್ಣಿನ ಕೋಟೆಗೂ ಒಂದು ಮಾನವಿದೆ

ಕೋಟೆಯೆಂದೊಡನೆ ನಮ್ಮ ಕಣ್ಣೆದುರು ನಿಲ್ಲುವುದು ಚಿತ್ರದುರ್ಗದ ಕಲ್ಲು. ಮಣ್ಣಿನಿಂದ ಕಟ್ಟಿದ ಕೋಟೆಯೂ ಕೋಟೆಯೇ ಎಂಬುದನ್ನು ನಾವು ಮರೆತಂತಿದೆ. ತಿಳವಳ್ಳಿಯ ಸೀಮೆಯವರು 1238ರ ಶಾಂತೇಶ್ವರ ದೇವಾಲಯವನ್ನು ಪರಸ್ಥಳದವರಿಗೆ ಅಭಿಮಾನದಿಂದ ತೋರಿಸುತ್ತಾರೆ. ತಾಲ್ಲೂಕಿನ ಮುಖ್ಯ ಪಟ್ಟಣವಾದ ಹಾನಗಲ್ಲಿಗೆ ಬಂದವರು ತಾರಕೇಶ್ವರನ ಗುಡಿಯ ಕಮಲದ ಭುವನೇಶ್ವರಿಯನ್ನು ಕತ್ತೆತ್ತಿ ನೋಡಿ ಬೆರಗಾಗುತ್ತಾರೆ. ಆದರೆ ಆ ಊರನ್ನು ಕಾಯ್ದ ಮಣ್ಣಿನ ಒಡ್ಡನ್ನು ನೋಡಿಬಂದೆವೆನ್ನುವವರು ವಿರಳ.

ಹಾನಗಲ್ಲು ಹಿಂದೆ ಪಾನುಂಗಲ್ಲು. ಪಾನುಂಗಲ್ಲು ಐನೂರರ ರಾಜಧಾನಿ, ಕದಂಬರ ನೆಲೆ. ಜನರ ಬಾಯಲ್ಲಿ ಅದು ಪಾಂಡವರು ಅಜ್ಞಾತವಾಸ ಕಳೆದ ವಿರಾಟನಗರಿಯೂ ಹೌದು. ಕಥೆ ಹಾಗಿರಲಿ, ಚರಿತ್ರೆಯೂ ಕಡಿಮೆಯದಲ್ಲ. 1196ರಲ್ಲಿ ಹೊಯ್ಸಳ ವೀರಬಲ್ಲಾಳನು ಆನೆಕೆರೆಯ ಬಳಿ ಬೀಡುಬಿಟ್ಟು ಈ ಊರನ್ನು ಮುತ್ತಿದನು. ಕದಂಬ ಕಾಮದೇವನ ದಂಡನಾಯಕ ಸೋಹಣಿ ಆ ಮುತ್ತಿಗೆಯನ್ನು ಹಿಮ್ಮೆಟ್ಟಿಸಿ, ಕಾಳಗದಲ್ಲಿ ತಾನೂ ಮಡಿದನು.

ಇಂತಹ ಕೋಟೆಯ ಮರ್ಮವನ್ನು ನಮ್ಮ ಭಾಷೆಯೇ ಹೇಳುತ್ತದೆ. ಅಗೆಯುವುದರಿಂದಲೇ ಅಗಳು, ಎಂದರೆ ಕಂದಕ. ಅಗೆದ ಮಣ್ಣನ್ನು ಒಳಮಗ್ಗುಲಿಗೆ ಒಟ್ಟಿದರೆ ಅದೇ ಗೋಡೆ. ಒಂದೇ ದುಡಿಮೆಗೆ ಎರಡು ರಕ್ಷೆ! ಆದರೆ ಕಲ್ಲಿನಂತೆ ಇದು ತನ್ನಷ್ಟಕ್ಕೆ ನಿಲ್ಲದು. ಮಳೆ ಕೊರೆಯುತ್ತದೆ, ಹುಲ್ಲಿನ ಬೇರು ಹಿಡಿಯದಿದ್ದರೆ ಇಳಿಜಾರು ಕುಸಿಯುತ್ತದೆ. ಒಡ್ಡಿನ ಮಣ್ಣು ಗಾಡಿ ಹೇರಲು ಸುಲಭ, ಅಗಳಿನ ತಗ್ಗು ಉಳಲು ಅನುಕೂಲ. ಹೀಗೆ ಯಾರ ದ್ವೇಷವೂ ಇಲ್ಲದೆ ಕೋಟೆಯೊಂದು ಹೊಲವಾಗಬಲ್ಲದು.

ಮಣ್ಣನ್ನು ಕಾಪಾಡಲಾದೀತೇ ಎಂದು ಕೇಳುವವರು ಜಪಾನಿನತ್ತ ನೋಡಬೇಕು. 663ರಲ್ಲಿ ಕೊರಿಯದ ನೆಲದಲ್ಲಿ ಟಾಂಗ್ ಚೀನ ಮತ್ತು ಸಿಲ್ಲಾ ರಾಜ್ಯಗಳ ಕೂಡುಪಡೆಗೆ ಸೋತ ಜಪಾನೀಯರು, ಮರುವರ್ಷವೇ ಕ್ಯೂಶೂ ದ್ವೀಪದ ದಜೈಫು ಬಳಿ ಮಿಜುಕಿ ಎಂಬ ಒಡ್ಡನ್ನು ಎತ್ತಿದರು. ಮಿಜುಕಿ ಎಂದರೆ ನೀರಕೋಟೆ. ಉದ್ದ ಸುಮಾರು 1.2 ಕಿಲೋಮೀಟರು, ಎತ್ತರ ಸುಮಾರು 10 ಮೀಟರು, ಹೊರಗೆ ನೀರು ತುಂಬಿದ ಕಂದಕ. ಅವರು ಅಂಜಿದ್ದ ಟಾಂಗ್ ಸೈನ್ಯ ಬರಲೇ ಇಲ್ಲ. ಈಗ ರಸ್ತೆ, ರೈಲುದಾರಿಗಳು ಆ ಒಡ್ಡನ್ನು ಅಲ್ಲಲ್ಲಿ ಸೀಳಿವೆ. ಆದರೂ ಉಳಿದುದನ್ನು 1953ರಲ್ಲಿ ವಿಶೇಷ ಐತಿಹಾಸಿಕ ಸ್ಥಳವೆಂದು ಸಾರಿ, ಮರಗಳ ನೆರಳಿನಲ್ಲಿ ಜತನ ಮಾಡಿದ್ದಾರೆ.

ಶತ್ರುವೇ ಬಾರದ ಒಡ್ಡಿಗೆ ಅಲ್ಲಿ ಅಷ್ಟು ಮನ್ನಣೆ; ಬಲ್ಲಾಳನ ದಂಡನ್ನೇ ತಡೆದ ಊರಿನ ಒಡ್ಡಿಗೆ ಇಲ್ಲಿ ಅಲಕ್ಷ್ಯವೇ? ಸಂರಕ್ಷಿತ ಸ್ಮಾರಕದ ಸುತ್ತ 100 ಮೀಟರಿನೊಳಗೆ ಹೊಸ ಕಟ್ಟಡ ಕೂಡದೆಂದು ಕಾಯಿದೆಯಿದೆ, ಒಳ್ಳೆಯದೇ. ಆದರೆ ಕೋಟೆಯ ಜಾಡು ಗುಡಿಯ ಅಂಗಳಕ್ಕೆ ಮುಗಿಯುವುದಿಲ್ಲ. ಉಳಿದ ಒಡ್ಡು, ಅಗಳುಗಳನ್ನು ಅಳೆದು ನಕ್ಷೆಗಿಳಿಸಬೇಕು. ಗುರುತಿನ ಕಲ್ಲು ನೆಡಬೇಕು. ಮಣ್ಣು ತೆಗೆಯುವುದನ್ನು ನಿಲ್ಲಿಸಿ ಹುಲ್ಲು ಬೆಳೆಯಗೊಡಬೇಕು. ಇದಕ್ಕೆ ಬೇಕಾದುದು ಹೆಚ್ಚು ಹಣವಲ್ಲ, ಹೆಚ್ಚು ಲಕ್ಷ್ಯ. ಗುಡಿಗೆ ಬಂದ ಶಾಲೆಯ ಮಕ್ಕಳನ್ನು ಉಪಾಧ್ಯಾಯರು ಆ ಒಡ್ಡಿನವರೆಗೂ ನಡೆಸಿಕೊಂಡು ಹೋಗಲಿ. ಸೋಹಣಿಯ ಹೆಸರನ್ನು ಅಲ್ಲಿ ನಿಂತು ಹೇಳಲಿ.