ನಾರಾಯಣ ಪಂಡಿತನ ಹಸುಗಳು ಹಾಡಿದವು

ಒಂದು ಹಸು ವರ್ಷಕ್ಕೊಂದು ಕರು ಹಾಕುತ್ತದೆ. ಪ್ರತಿ ಕರುವೂ ತನ್ನ ನಾಲ್ಕನೆಯ ವರ್ಷದಿಂದ ಹಾಗೆಯೇ ವರ್ಷಕ್ಕೊಂದು ಹಾಕತೊಡಗುತ್ತದೆ. 20 ವರ್ಷಗಳ ನಂತರ ಕೊಟ್ಟಿಗೆಯಲ್ಲಿ ಎಷ್ಟು ರಾಸು? 14ನೆಯ ಶತಮಾನದ ನಾರಾಯಣ ಪಂಡಿತ ‘ಗಣಿತ ಕೌಮುದಿ’ಯಲ್ಲಿ ಕೇಳಿದ ಲೆಕ್ಕವಿದು. (ಹೋರಿಗರುಗಳ ಮಾತನ್ನು ಪಂಡಿತ ಎತ್ತುವುದಿಲ್ಲ!) ಮೊದಲ ವರ್ಷ 2, ಆಮೇಲೆ 3, 4, 6, 9, 13... ಹಿಂದಿನ ವರ್ಷದ ಸಂಖ್ಯೆಗೆ ಮೂರು ವರ್ಷ ಹಿಂದಿನದನ್ನು ಕೂಡಿಸುತ್ತ ಹೋದರೆ ಉತ್ತರ 2745.

ಈ ಹಿಂಡನ್ನು 1989ರಲ್ಲಿ ಸಂಗೀತಕ್ಕೆ ಅಟ್ಟಿದವರು ಅಮೆರಿಕದ ಟಾಮ್ ಜಾನ್ಸನ್. ಹಸುವಿಗೆ ದೀರ್ಘ ಸ್ವರ, ಕರುವಿಗೆ ಹ್ರಸ್ವ ಸ್ವರ. ಹಿಂಡು ಬೆಳೆದಂತೆ ರಾಗವೂ ಬೆಳೆಯುತ್ತದೆ. ನಡುನಡುವೆ ಒಬ್ಬ ನಿರೂಪಕ ಲೆಕ್ಕ ಒಪ್ಪಿಸುತ್ತಾನೆ. 1996ರಲ್ಲಿ ಇದೇ ಹಸುಗಳ ಬಗ್ಗೆ ಗಣಿತಜ್ಞ ಝಾಂ-ಪಾಲ್ ಅಲೂಷ್ ಜೊತೆ ಜಾನ್ಸನ್ ಪ್ರಬಂಧವನ್ನೂ ಬರೆದರು.

ಕೊಲರಾಡೊದಲ್ಲಿ 1939ರಲ್ಲಿ ಹುಟ್ಟಿ, ಯೇಲ್‌ನಲ್ಲಿ ಕಲಿತು, ಮಾರ್ಟನ್ ಫೆಲ್ಡ್‌ಮನ್ ಬಳಿ ಖಾಸಗಿ ಪಾಠ ಹೇಳಿಸಿಕೊಂಡ ಜಾನ್ಸನ್ನರ ಹೆಸರು ಮೊದಲು ಹಬ್ಬಿದ್ದು ವಿಮರ್ಶಕರಾಗಿ. ‘ವಿಲೇಜ್ ವಾಯ್ಸ್’ ವಾರಪತ್ರಿಕೆಗೆ 1972ರಿಂದ 1982ರವರೆಗೆ ಅವರು ನ್ಯೂಯಾರ್ಕಿನ ಹೊಸ ಸಂಗೀತದ ವರದಿ ಒಪ್ಪಿಸಿದರು. ಸ್ಟೀವ್ ರೈಕ್, ಫಿಲಿಪ್ ಗ್ಲಾಸ್ ಮೊದಲಾದವರು ಮಾಳಿಗೆಗಳಲ್ಲಿ, ಗ್ಯಾಲರಿಗಳಲ್ಲಿ ಬೆರಳೆಣಿಕೆಯ ಶ್ರೋತೃಗಳ ಮುಂದೆ ನುಡಿಸುತ್ತಿದ್ದ ಕಾಲ ಅದು. ತಾನೂ ಸಂಯೋಜಕ, ಬರೆಯಬೇಕಾದದ್ದು ಓರಗೆಯವರ ಬಗ್ಗೆ. ಆಟಗಾರನೇ ಅಂಪೈರ್ ಆದ ಈ ಇಕ್ಕಟ್ಟಿಗೆ ಜಾನ್ಸನ್ ಕಂಡುಕೊಂಡ ದಾರಿ ಸರಳ: ತೀರ್ಪು ಕಡಿಮೆ, ವರ್ಣನೆ ಹೆಚ್ಚು. ಏನು ನುಡಿಸಿದರು, ಹೇಗೆ ಕೇಳಿಸಿತು ಎಂಬುದನ್ನು ಪ್ರಯೋಗಶಾಲೆಯ ದಿನಚರಿಯಂತೆ ಬರೆದರು. ಧ್ವನಿಮುದ್ರಣವೇ ಆಗದ ಎಷ್ಟೋ ಕಛೇರಿಗಳಿಗೆ ಇಂದು ಉಳಿದಿರುವ ಸಾಕ್ಷಿ ಆ ಬರಹಗಳು. ಹೊಗಳಿಕೆ-ತೆಗಳಿಕೆಯಲ್ಲೇ ಅಂಕಣ ತುಂಬಿಸಿದ್ದರೆ ಈ ಬೆಲೆ ಬರುತ್ತಿತ್ತೇ?

ಅವರ ಸ್ವಂತ ರಚನೆಗಳೂ ಅಷ್ಟೇ ಮಿತವ್ಯಯದವು. 1972ರ ಒಂದು ಒಪೆರಾದಲ್ಲಿ ಇರುವುದು ನಾಲ್ಕೇ ಸ್ವರ. ಗಾಯಕರು ತಾವು ಏನು ಹಾಡುತ್ತಿದ್ದೇವೆ ಎಂಬುದನ್ನೇ ಹಾಡುತ್ತಾರೆ. 1975ರ ‘ಫೇಲಿಂಗ್’ನಲ್ಲಿ ಡಬಲ್ ಬಾಸ್ ವಾದಕ ನುಡಿಸುತ್ತಲೇ ಗಟ್ಟಿಯಾಗಿ ಓದಬೇಕು, ಓದುವುದೂ ಆ ಕಷ್ಟದ ಬಗ್ಗೆಯೇ. ನಗು ಬರುತ್ತದೆ, ವಾದಕನಿಗೆ ಮಾತ್ರ ಬೆವರು.

1986ರ ‘ಕಾರ್ಡ್ ಕೆಟಲಾಗ್’ ಇನ್ನೂ ಕಟ್ಟುನಿಟ್ಟು. ಎರಡು ತುದಿಗಳೂ ಸೇರಿ ಒಂದು ಸ್ಥಾಯಿಗೆ ಪಿಯಾನೋದಲ್ಲಿ 13 ಮನೆಗಳು. ಪ್ರತಿಯೊಂದನ್ನೂ ಒತ್ತಬಹುದು, ಬಿಡಬಹುದು. 2ನ್ನು 13 ಬಾರಿ ಗುಣಿಸಿದರೆ 8192. ಒಂಟಿ ಸ್ವರಗಳು 13, ಏನೂ ಒತ್ತದ ಮೌನ 1. ಇವನ್ನು ಕಳೆದರೆ ಸ್ವರಮೇಳಗಳು 8178. ಅಷ್ಟನ್ನೂ ಒಂದರ ಹಿಂದೊಂದು ಸ್ವತಃ ಜಾನ್ಸನ್ನರೇ ನುಡಿಸುತ್ತಿದ್ದರು. ಹುಚ್ಚು ಎನ್ನುವವರು ನಮ್ಮ ವೆಂಕಟಮಖಿಯನ್ನು ನೆನೆಯಲಿ. 17ನೆಯ ಶತಮಾನದಲ್ಲಿ ಆತ 72 ಮೇಳಗಳನ್ನು ಲೆಕ್ಕ ಹಾಕಿ ಕಟ್ಟಿದಾಗ ಅವುಗಳಲ್ಲಿ ಬಹುಪಾಲನ್ನು ಯಾರೂ ಹಾಡುತ್ತಿರಲಿಲ್ಲ. ಕೃತಿಗಳು ಬಂದದ್ದು ಆಮೇಲೆ.

ಅಂಕಣಕ್ಕೆ ವಿದಾಯ ಹೇಳಿದ ಜಾನ್ಸನ್ 1983ರಲ್ಲಿ ಪ್ಯಾರಿಸ್ ಸೇರಿದರು. ಮುಂದಿನ ನಾಲ್ಕು ದಶಕ ಅಲ್ಲೇ ಎಣಿಸುತ್ತ, ನುಡಿಸುತ್ತ ಕಳೆದು, 2024ರ ಡಿಸೆಂಬರ್ 31ರಂದು, 85ನೆಯ ವಯಸ್ಸಿನಲ್ಲಿ ತೀರಿಕೊಂಡರು.