ಕಣ್ಣಿಗೆ ಬೀಳುವ ರಿಯಾಯಿತಿ, ಬೀಳದ ರಿಯಾಯಿತಿ

ಸರ್ಕಾರಿ ನೇಮಕಾತಿಯ ಆಯ್ಕೆ ಪಟ್ಟಿ ಹೊರಬಿದ್ದ ದಿನ ದೊಡ್ಡಬಳ್ಳಾಪುರದ ಜೆರಾಕ್ಸ್ ಅಂಗಡಿಗಳ ಮುಂದೆ ಒಂದು ಮಾತು ತಪ್ಪದೆ ಕೇಳಿಸುತ್ತದೆ: ‘ನನಗಿಂತ ಕಮ್ಮಿ ತೆಗೆದೋನಿಗೆ ಕೆಲಸ ಆಯ್ತು, ಇನ್ನು ಆಫೀಸು ಉದ್ಧಾರ ಆದಂಗೇ.’ ಮೊನ್ನೆ ಹೀಗಂದ ಹುಡುಗನ ಕೈಯಲ್ಲೇ ಗ್ರಾಮೀಣ ಅಭ್ಯರ್ಥಿಯ ಪ್ರಮಾಣಪತ್ರವಿತ್ತು. ಮುಖ್ಯೋಪಾಧ್ಯಾಯರ ಸಹಿ, ಕ್ಷೇತ್ರ ಶಿಕ್ಷಣಾಧಿಕಾರಿಯ ಮೇಲುರುಜು, ಎರಡು ಮೊಹರು. ಆ ಹಾಳೆಯ ಬಲದಿಂದ ಸಾಮಾನ್ಯ ಅರ್ಹತೆಯ ಒಳಗೇ ಅವನಿಗೂ ಕಟಾಫ್ ಇಳಿಯುತ್ತದೆ. ಅದೂ ಮೀಸಲಾತಿಯೇ ಎಂದು ಅವನಿಗೆ ಅನ್ನಿಸಿಯೇ ಇಲ್ಲ.

ಅಂಕದ ಮೇಲಿನ ಆಕ್ಷೇಪ ನಿಜಕ್ಕೂ ಅಂಕದ ಕುರಿತೇ ಆಗಿದ್ದರೆ ಅದು ಎಲ್ಲ ರಿಯಾಯಿತಿಗಳ ಮೇಲೂ ಎರಗಬೇಕಿತ್ತು. ಗ್ರಾಮೀಣರಿಗೆ ಶೇ 25, ಕನ್ನಡ ಮಾಧ್ಯಮದಲ್ಲಿ ಓದಿದವರಿಗೆ ಶೇ 5, ಯೋಜನಾ ನಿರಾಶ್ರಿತರಿಗೆ ಶೇ 5, ಜತೆಗೆ ಮಹಿಳೆಯರ ಪಾಲು, ಮಾಜಿ ಸೈನಿಕರ ಪಾಲು. ಇವೆಲ್ಲ ಪ್ರತಿ ವರ್ಗದ ಒಳಗೂ ಹಾದುಹೋಗುವ ಸಮತಲ ಮೀಸಲಾತಿಗಳು. ಎಲ್ಲದರಲ್ಲೂ ಹೆಚ್ಚು ಅಂಕದವರನ್ನು ದಾಟಿ ಕಡಿಮೆ ಅಂಕದವರು ಒಳಗೆ ಬರಬಹುದು. ಆದರೆ ಪ್ರತಿಭೆ ಸತ್ತಿತೆಂಬ ಗೋಳು ಕೇಳುವುದು ಜಾತಿಯ ಕಲಂ ಬಂದಾಗ ಮಾತ್ರ. ಆದ್ದರಿಂದ ತಕರಾರು ಅಂಕದ್ದಲ್ಲ, ಆಸಾಮಿಯದು.

ಈ ಗ್ರಾಮೀಣ ಮೀಸಲಾತಿಯನ್ನೇ ತುಸು ಬಿಡಿಸಿ ನೋಡಿ. 2000ದ ಕಾಯ್ದೆ ಅದು. ಅಭ್ಯರ್ಥಿಯ ಮನೆಯಲ್ಲಿ ಏನಿದೆ ಎನ್ನುವುದಕ್ಕಿಂತ ಅವನು ಒಂದರಿಂದ ಹತ್ತನೇ ತರಗತಿವರೆಗೆ ಓದಿದ ಶಾಲೆ ಎಲ್ಲಿದೆ ಎಂಬುದೇ ಅದಕ್ಕೆ ಮುಖ್ಯ. ಕಲಬುರಗಿಯ ಮೂಲೆಯ ಹಳ್ಳಿಗೆ ಈ ಅಳತೆ ಸರಿಹೋದೀತು. ಬೆಂಗಳೂರು ಗ್ರಾಮಾಂತರದಲ್ಲಿ? 2008ರಲ್ಲಿ ವಿಮಾನ ನಿಲ್ದಾಣ ಶುರುವಾದ ಮೇಲೆ ದೇವನಹಳ್ಳಿಯ ಆಸುಪಾಸು ಗ್ರಾಮ ಪಂಚಾಯಿತಿ ವ್ಯಾಪ್ತಿಯಲ್ಲೇ ದುಬಾರಿ ಫೀಸಿನ ಶಾಲೆಗಳು ಎದ್ದಿವೆ. ಹೆಬ್ಬಾಳದ ಕಡೆಯಿಂದ ಎಸಿ ಬಸ್ಸಿನಲ್ಲಿ ಬಂದಿಳಿಯುವ ಮಗು ಕಾಯ್ದೆಯ ಕಣ್ಣಿಗೆ ಗ್ರಾಮೀಣ ಶಾಲೆಯ ವಿದ್ಯಾರ್ಥಿ. ದೊಡ್ಡಬಳ್ಳಾಪುರ ನಗರಸಭೆಯ ವಾರ್ಡಿನಲ್ಲಿ ಮಗ್ಗದ ಸದ್ದಿನ ನಡುವೆ ಮಲಗಿ, ಮಗ್ಗದ ಸದ್ದಿಗೇ ಎದ್ದು ಸರ್ಕಾರಿ ಶಾಲೆಗೆ ಹೋದ ನೇಕಾರ ಕೂಲಿಯ ಮಗ ಪಟ್ಟಣಿಗ. ಬಾಶೆಟ್ಟಿಹಳ್ಳಿ ಪಟ್ಟಣ ಪಂಚಾಯಿತಿಯಾದ ಮೇಲಂತೂ ಒಂದೇ ಮನೆಯಲ್ಲಿ, ಒಂದೇ ಶಾಲೆಯಲ್ಲಿ ಓದಿ, ಅಣ್ಣ ಗ್ರಾಮೀಣ, ತಮ್ಮ ಅಲ್ಲ ಎಂಬಂತಾಗಿದೆ. ಸಾಮಾನ್ಯ ವರ್ಗದಲ್ಲಿ ಮೇಲ್ಸ್ತರದವರನ್ನು ಸೋಸಲು ತಹಶೀಲ್ದಾರರ ಇನ್ನೊಂದು ನಮೂನೆ ಉಂಟು, ನಿಜ. ಆದಾಯ ಪ್ರಮಾಣಪತ್ರದ ಮಹಿಮೆ ನಾಡಕಚೇರಿಯ ಸಾಲಿನಲ್ಲಿ ನಿಂತ ಯಾರಿಗೂ ಹೊಸದಲ್ಲ.

ಇಷ್ಟು ಓರೆಕೋರೆ ಇದ್ದರೂ ಗ್ರಾಮೀಣ ಮೀಸಲಾತಿಯನ್ನು ಕಿತ್ತುಹಾಕಿ ಎಂದು ಈ ಜಿಲ್ಲೆಯಲ್ಲಿ ಯಾರೂ ಮೆರವಣಿಗೆ ಹೊರಟಿಲ್ಲ. ಹೊರಡಬೇಕಾಗಿಯೂ ಇಲ್ಲ, ಮೇಷ್ಟ್ರಿಲ್ಲದ ಶಾಲೆಯಲ್ಲಿ ಓದುವ ಕಷ್ಟ ಕಷ್ಟವೇ, ನಿಯಮ ತಿದ್ದಿದರೆ ಸಾಕು. ಆ ಕೋಟಾದಲ್ಲಿ ಬಂದ ಎಫ್‌ಡಿಎ ಇಪ್ಪತ್ತು ವರ್ಷ ಕಳೆದರೂ ಕೋಟಾದವನು ಎನಿಸಿಕೊಳ್ಳುವುದಿಲ್ಲ. ದಲಿತ ಶಿರಸ್ತೇದಾರರ ಬೆನ್ನ ಹಿಂದೆ ಮಾತ್ರ ಅದೇ ಮಾತು ಬೀಳ್ಕೊಡುಗೆಯ ಹಾರ ಹಾಕುವ ದಿನವೂ ಓಡಾಡುತ್ತಿರುತ್ತದೆ.

ದಕ್ಷತೆ ಕೆಡುತ್ತದೆ ಎಂಬ ಭಯವೂ ನೂರು ವರ್ಷ ಹಳೆಯದು. 1918ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಲೆಸ್ಲಿ ಮಿಲ್ಲರ್ ಸಮಿತಿ ನೇಮಿಸಿದಾಗ ದಿವಾನ್ ವಿಶ್ವೇಶ್ವರಯ್ಯನವರಿಗೆ ಇದೇ ಆತಂಕವಿತ್ತು. ಅವರು ಸಣ್ಣ ಮನಸ್ಸಿನವರಲ್ಲ, ಕೊನೆಗೆ ಹುದ್ದೆಯನ್ನೇ ಬಿಟ್ಟರು. ಏಳು ವರ್ಷದೊಳಗೆ ಮೇಲಿನ ಹುದ್ದೆಗಳಲ್ಲಿ ಅರ್ಧ, ಕೆಳಗಿನವುಗಳಲ್ಲಿ ಮೂರನೇ ಎರಡು ಭಾಗ ಬ್ರಾಹ್ಮಣೇತರರಿಗೆ ಸಿಗಬೇಕೆಂದು ಮಿಲ್ಲರ್ ಹೇಳಿದರು. ಮೈಸೂರು ಮುಳುಗಲಿಲ್ಲ, ಮಾದರಿ ಸಂಸ್ಥಾನವೆಂಬ ಹೆಸರೂ ಹೋಗಲಿಲ್ಲ. ಅಂದು ಆ ಬಾಗಿಲಿನಿಂದ ಕಚೇರಿ ಹೊಕ್ಕ ಸಮುದಾಯಗಳಿಗೆ ಇಂದಿಗೂ ಹಿಂದುಳಿದ ವರ್ಗಗಳ 3ಎ, 3ಬಿಯಲ್ಲಿ ಪಾಲಿದೆ. ಅವರ ಮೊಮ್ಮಕ್ಕಳೇ ಈಗ ‘ಮೆರಿಟ್’ ಎಂದು ಎದೆ ತಟ್ಟಿಕೊಳ್ಳುವುದನ್ನು ಕೇಳಿದರೆ ಕಿವಿ ಉರಿಯುತ್ತದೆ. ರೈಲ್ವೆಯ 1980ರಿಂದ 2002ರವರೆಗಿನ ಲೆಕ್ಕ ಹಿಡಿದು ಅರ್ಥಶಾಸ್ತ್ರಜ್ಞರಾದ ಅಶ್ವಿನಿ ದೇಶಪಾಂಡೆ ಮತ್ತು ಥಾಮಸ್ ವೈಸ್ಕಾಫ್ ಹುಡುಕಿದರು. ಮೀಸಲಾತಿಯಿಂದ ಉತ್ಪಾದಕತೆ ಕುಸಿದದ್ದಕ್ಕೆ ಪುರಾವೆ ಸಿಗಲಿಲ್ಲ. ಕರ್ನಾಟಕದ ಬಡ್ತಿ ಮೀಸಲಾತಿ ಜ್ಯೇಷ್ಠತಾ ಕಾಯ್ದೆಯನ್ನು 2019ರಲ್ಲಿ ಎತ್ತಿಹಿಡಿದ ಸುಪ್ರೀಂ ಕೋರ್ಟಿನ ಪವಿತ್ರಾ ಪ್ರಕರಣದ ತೀರ್ಪೂ ಪರೀಕ್ಷೆಯ ಅಂಕವೊಂದೇ ಯೋಗ್ಯತೆ ಎಂಬುದನ್ನು ಒಪ್ಪಲಿಲ್ಲ.

ಎಪ್ಪತ್ತೈದು ವರ್ಷ ಕೊಟ್ಟದ್ದು ಸಾಲದೇ ಎನ್ನುವವರು ಒಂದು ಸಲ ಪೌರಕಾರ್ಮಿಕರ ಹಾಜರಿ ಪುಸ್ತಕ ತೆರೆದು ನೋಡಲಿ, ಅಲ್ಲಿ ಯಾವ ಜಾತಿಯವರು ತುಂಬಿದ್ದಾರೆಂದು.

ನಾನು ಗೌರವಿಸುವ ಆಕ್ಷೇಪವೊಂದಿದೆ. ಗ್ರಾಮೀಣ ಎನ್ನುವುದು ಸನ್ನಿವೇಶ, ಅದನ್ನು ದಾಟಿ ಬರಬಹುದು. ಜಾತಿಯನ್ನು ಕಡತದಲ್ಲಿ ಬರೆಯುತ್ತ ಹೋದರೆ ಅದು ಅಳಿಯುವುದು ಯಾವಾಗ ಎನ್ನುತ್ತಾರೆ. ಪ್ರಶ್ನೆ ಪ್ರಾಮಾಣಿಕ. ಆದರೆ ದಾಟಿ ಬರಲಾಗದು ಎಂಬುದೇ ಜಾತಿಯ ಸ್ವಭಾವ. ಹಳ್ಳಿಯ ಹುಡುಗ ನೆಲಮಂಗಲದಲ್ಲೋ ಹೊಸಕೋಟೆಯಲ್ಲೋ ಮನೆ ಹುಡುಕುವಾಗ ಅವನ ಹಳ್ಳಿತನ ಅಡ್ಡ ಬರುವುದಿಲ್ಲ. ‘ನೀವು ಯಾವ ಜನ?’ ಎಂಬ ಪ್ರಶ್ನೆಗೆ ನಿಜ ಹೇಳಿದ ದಲಿತ ಗುಮಾಸ್ತನಿಗೆ ‘ನೆಂಟರು ಬರ್ತಾರೆ, ಮನೆ ಬೇರೆಯವರಿಗೆ ಮಾತಾಗಿದೆ’ ಎಂಬ ಉತ್ತರ ಸಿಗುತ್ತದೆ. ಕಡತದಲ್ಲಿ ಅಳಿಸಿದರೆ ಮನೆ ಮಾಲೀಕರ ಬಾಯಲ್ಲಿ ಅಳಿಯುವುದಿಲ್ಲ.

ಇನ್ನೊಂದು ಆಕ್ಷೇಪಕ್ಕೆ ನಾನು ಅರ್ಧ ಒಪ್ಪುತ್ತೇನೆ: ಸಿಕ್ಕವರಿಗೇ ಮತ್ತೆ ಸಿಗುತ್ತಿದೆ. 2024ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಒಳಮೀಸಲಾತಿಗೆ ದಾರಿ ಬಿಟ್ಟದ್ದು ಈ ಕಾರಣಕ್ಕೇ. ಹಳೇ ಮೈಸೂರಿನ ನಮ್ಮ ಭಾಗದಲ್ಲಿ ಅದು ಸುಲಭವೂ ಅಲ್ಲ. ಹೊಲೆಯರೂ ಮಾದಿಗರೂ ತಲೆಮಾರುಗಳಿಂದ ಒಂದೇ ‘ಆದಿ ಕರ್ನಾಟಕ’ದಡಿ ಬರೆಸಿಕೊಂಡಿದ್ದಾರೆ. ನ್ಯಾಯಮೂರ್ತಿ ನಾಗಮೋಹನದಾಸ್ ಆಯೋಗ ಅಲೆಮಾರಿಗಳಿಗೆ ಪ್ರತ್ಯೇಕವಾಗಿ ಶೇ 1 ಇಡಲು ಹೇಳಿತ್ತು. 2025ರ ಆಗಸ್ಟ್‌ನಲ್ಲಿ ರಾಜ್ಯ ಸಂಪುಟ ಪರಿಶಿಷ್ಟ ಜಾತಿಗಳ ಶೇ 17ನ್ನು 6–6–5 ಎಂದು ಹಂಚುವಾಗ ಆ ಒಂದನ್ನು ನುಂಗಿಹಾಕಿ, 59 ಅಲೆಮಾರಿ ಸಮುದಾಯಗಳನ್ನು ತಮಗಿಂತ ಮುಂದಿರುವವರ ಜತೆ ಮೂರನೇ ಗುಂಪಿಗೆ ತಳ್ಳಿತು. ಹಂದಿಜೋಗಿಗಳ, ಸುಡುಗಾಡು ಸಿದ್ಧರ ಗುಡಾರದಿಂದ ಎಸ್ಸೆಸ್ಸೆಲ್ಸಿ ಮುಗಿಸಿ ಬಂದ ಹುಡುಗಿ ಆ ಗುಂಪಿನಲ್ಲಿ ಯಾರೊಂದಿಗೆ ಸ್ಪರ್ಧಿಸಬೇಕು? ಮೀಸಲಾತಿಯಲ್ಲಿ ತಿದ್ದಬೇಕಾದ್ದು ಇಂಥದ್ದು, ಮತ್ತು ಅದಕ್ಕೆ ಬೇಕಿರುವುದು ಇನ್ನಷ್ಟು ಸೂಕ್ಷ್ಮವಾದ ಜಾತಿ ಲೆಕ್ಕವೇ.