ಲೆಕ್ಕ ಕೇಳಿದ ಕತೆಗಾರ್ತಿ, ಗೇಲಿ ಮಾಡಿದ ಸಚಿವ

ಚುನಾವಣೆಗಳು ಕ್ರಮಬದ್ಧವಾಗಿ ನಡೆಯುವ ದೇಶದಲ್ಲಿ ಒಬ್ಬರೇ 21 ವರ್ಷ ಹಣಕಾಸು ಸಚಿವರಾಗಿರುವುದು ಅಪರೂಪ. ಸ್ವೀಡನ್ನಿನ ಗುನ್ನಾರ್ ಸ್ಟ್ರೆಂಗ್ 1955ರಿಂದ 1976ರವರೆಗೆ ಆ ದೇಶದ ಬೊಕ್ಕಸದ ಹೊಣೆ ಹೊತ್ತಿದ್ದರು. 1945ರಲ್ಲೇ ಸಂಪುಟ ಸೇರಿದ್ದ ಅವರು ಆಹಾರ ಮತ್ತು ನಾಗರಿಕ ಪೂರೈಕೆ, ಕೃಷಿ, ಸಮಾಜ ಕಲ್ಯಾಣ ಖಾತೆಗಳನ್ನೂ ನಿರ್ವಹಿಸಿದ್ದರು. ಹಾನ್ಸನ್, ಎರ್ಲಾಂಡರ್, ಪಾಲ್ಮೆ ಈ ಮೂವರು ಪ್ರಧಾನಿಗಳ ಕೈಕೆಳಗೆ ಸತತ 31 ವರ್ಷ ಸಚಿವರಾಗಿದ್ದ ಅವರ ಬದುಕು, ದೀರ್ಘಾವಧಿಯ ಅಧಿಕಾರದ ಲಾಭವನ್ನೂ ಅಪಾಯವನ್ನೂ ಒಟ್ಟಿಗೆ ತೋರಿಸುತ್ತದೆ ಎಂದು ನನಗನಿಸುತ್ತದೆ.

1906ರಲ್ಲಿ ಜನಿಸಿದ ಸ್ಟ್ರೆಂಗ್ ಅವರದು ಪ್ರಾಥಮಿಕ ಶಾಲೆಯ ವಿದ್ಯಾಭ್ಯಾಸ ಮಾತ್ರ. ತೋಟ, ಹೊಲಗಳಲ್ಲಿ ದುಡಿದು, ಕೃಷಿ ಕಾರ್ಮಿಕರ ಸಂಘದ ಅಧ್ಯಕ್ಷರಾಗಿ ಬೆಳೆದವರು. ಇಂಥ ಕಾರ್ಮಿಕ ನಾಯಕರೇ 1960ರಲ್ಲಿ, ಬಡವರಿಗೂ ತಟ್ಟುವ ಸಾಮಾನ್ಯ ಮಾರಾಟ ತೆರಿಗೆಯನ್ನು ಜಾರಿಗೆ ತಂದರು. 1969ರಲ್ಲಿ ಮೌಲ್ಯವರ್ಧಿತ ತೆರಿಗೆ ಅದರ ಜಾಗಕ್ಕೆ ಬಂತು. ಆ ಹಣ ಪಿಂಚಣಿ, ಶಾಲೆ, ಆಸ್ಪತ್ರೆಗಳ ರೂಪದಲ್ಲಿ ಮರಳಿ ಬರುವುದನ್ನು ಜನ ಕಂಡಿದ್ದರಿಂದಲೇ ಈ ಹೊರೆಯನ್ನು ಒಪ್ಪಿಕೊಂಡರು.

ಅವರ ಕಾಲದ ದೊಡ್ಡ ಸುಧಾರಣೆ 1971ರದು. ಅದುವರೆಗೆ ಗಂಡ ಹೆಂಡತಿಯರ ಸಂಪಾದನೆಯನ್ನು ಒಟ್ಟುಗೂಡಿಸಿ ತೆರಿಗೆ ಹಾಕಲಾಗುತ್ತಿತ್ತು. ಹೀಗಾಗಿ ಹೆಂಡತಿ ದುಡಿದ ಮೊದಲ ಕ್ರೋನಾದ ಮೇಲೂ ಗಂಡನ ಆದಾಯದ ಮೇಲಿನ ಗರಿಷ್ಠ ದರವೇ ಬೀಳುತ್ತಿತ್ತು. ದುಡಿಮೆಯ ಆದಾಯಕ್ಕೆ ಇಬ್ಬರಿಗೂ ಪ್ರತ್ಯೇಕ ತೆರಿಗೆ ಎಂದಾದ ಮೇಲೆ ವಿವಾಹಿತ ಮಹಿಳೆ ಉದ್ಯೋಗಕ್ಕೆ ಹೋಗುವುದು ಲಾಭದಾಯಕವಾಯಿತು.

ಆದರೆ ಅದೇ ತೆರಿಗೆ ವ್ಯವಸ್ಥೆ ಮುಂದೆ ತನ್ನದೇ ಗಣಿತದಲ್ಲಿ ಸಿಲುಕಿತು. ಸ್ವಂತ ವೃತ್ತಿಯವರು ಆದಾಯ ತೆರಿಗೆಯ ಜತೆಗೆ, ಸಾಮಾನ್ಯವಾಗಿ ಮಾಲೀಕರು ಕಟ್ಟುವ ಸಾಮಾಜಿಕ ಭದ್ರತೆಯ ವಂತಿಗೆಯನ್ನೂ ತಾವೇ ಕಟ್ಟಬೇಕಿತ್ತು. ಎರಡೂ ಸೇರಿ, ಮಕ್ಕಳ ಸಾಹಿತಿ ಆಸ್ಟ್ರಿಡ್ ಲಿಂಡ್‌ಗ್ರೆನ್ ಅವರ ಹೆಚ್ಚುವರಿ ಆದಾಯದ ಮೇಲಿನ ದರ ಶೇ 102ಕ್ಕೆ ಮುಟ್ಟಿತು. ಅಂದರೆ ಹೆಚ್ಚಿಗೆ ನೂರು ಗಳಿಸಿದರೆ ನೂರೆರಡು ಕಟ್ಟಬೇಕು! ಅವರು 1976ರ ಮಾರ್ಚ್‌ನಲ್ಲಿ ‘ಎಕ್ಸ್‌ಪ್ರೆಸ್ಸೆನ್’ ಪತ್ರಿಕೆಯಲ್ಲಿ ಇದನ್ನೇ ವಿಡಂಬನೆಯ ಕತೆಯಾಗಿಸಿದರು. ಆಕೆಗೆ ಕತೆ ಹೇಳಲು ಬರುತ್ತದೆ, ಲೆಕ್ಕ ಬರುವುದಿಲ್ಲ ಎಂಬರ್ಥದಲ್ಲಿ ಸ್ಟ್ರೆಂಗ್ ಸಂಸತ್ತಿನಲ್ಲಿ ಗೇಲಿ ಮಾಡಿದರು. ಹಾಗಾದರೆ ನಾವಿಬ್ಬರೂ ಕೆಲಸ ಅದಲುಬದಲು ಮಾಡಿಕೊಳ್ಳಬೇಕಿತ್ತು ಎಂದು ಆಕೆ ತಿರುಗೇಟು ಕೊಟ್ಟರು. ಲೆಕ್ಕ ಆಕೆಯದೇ ಸರಿಯಾಗಿತ್ತು.

ಲಿಂಡ್‌ಗ್ರೆನ್ ತೆರಿಗೆಯ ವಿರೋಧಿಯಾಗಿರಲಿಲ್ಲ. ಅದೇ ಸೋಷಿಯಲ್ ಡೆಮಾಕ್ರಟಿಕ್ ಪಕ್ಷದ ಬಹುಕಾಲದ ಬೆಂಬಲಿಗರಾಗಿದ್ದರು. ತಮ್ಮವರೇ ಎತ್ತಿದ ಪ್ರಶ್ನೆಯನ್ನು ಪರಿಶೀಲಿಸುವ ತಾಳ್ಮೆ ಸಚಿವರಿಗೆ ಇರಲಿಲ್ಲವೆಂಬುದೇ ನನ್ನ ದೃಷ್ಟಿಯಲ್ಲಿ ಇಲ್ಲಿನ ಮುಖ್ಯ ಲೋಪ. ಎರಡು ದಶಕಗಳ ಅನುಭವ ಅವರಿಗೆ ಅಂಕಿ ಅಂಶಗಳ ಮೇಲೆ ಹಿಡಿತ ಕೊಟ್ಟಿತ್ತು. ಲೆಕ್ಕ ತಪ್ಪಿದ್ದು ತನ್ನ ಇಲಾಖೆಯದೇ ಇರಬಹುದೆಂಬ ಅನುಮಾನವನ್ನು ಅದು ಉಳಿಸಿರಲಿಲ್ಲ.

ಅದೇ ವರ್ಷದ ಸೆಪ್ಟೆಂಬರ್ ಚುನಾವಣೆಯಲ್ಲಿ, ನಾಲ್ಕು ದಶಕಗಳಿಂದ ಆಳುತ್ತಿದ್ದ ಪಕ್ಷ ಅಧಿಕಾರ ಕಳೆದುಕೊಂಡಿತು. ಅಣು ವಿದ್ಯುತ್ ವಿವಾದವೂ ಸೇರಿ ಕಾರಣಗಳು ಹಲವು. ಈ ಪ್ರಕರಣವೂ ಅವುಗಳಲ್ಲೊಂದು. ಸ್ಟ್ರೆಂಗ್ ಮಾತ್ರ ಮುನಿಸಿಕೊಂಡು ಮನೆ ಸೇರಲಿಲ್ಲ. 1946ರಲ್ಲಿ ಸಂಸತ್ತು ಪ್ರವೇಶಿಸಿದ್ದ ಅವರು 1985ರವರೆಗೂ ಸದಸ್ಯರಾಗಿ ಉಳಿದರು. ಆ ವಿನಯ ಗೌರವಾರ್ಹ. ಅದರಲ್ಲಿ ಸ್ವಲ್ಪ ಭಾಗ ಸಚಿವರ ಪೀಠದಲ್ಲಿದ್ದಾಗಲೇ ಕಾಣಿಸಿದ್ದರೆ ಆ ಮಾರ್ಚ್ ತಿಂಗಳ ಉತ್ತರ ಬೇರೆಯಾಗಿರುತ್ತಿತ್ತು. ತೆರಿಗೆ ಕಟ್ಟುವವನಿಗೆ ಶಾಲೆ, ಆಸ್ಪತ್ರೆಗಳ ಜತೆಗೆ ಸರಿಯಾದ ಲೆಕ್ಕವನ್ನೂ ಕೊಡುವುದು ಸರ್ಕಾರದ ಕರ್ತವ್ಯ.